ಸಹಾಯ ಬೇಕು: ಮುಳುಗಡೆಯಾದವರ ಮಾತುಗಳಿಂದ ನಾಟಕ ಕಟ್ಟುವ ಬಗ್ಗೆ

ಮಾನ್ಯರೇ, ಆಲಮಟ್ಟಿ ಜಲಾಶಯದ ಹಿನ್ನೀರಿನಲ್ಲಿ ಮನೆ ಕಳೆದುಕೊಂಡು ಬಾಗಲಕೋಟೆಯ ನವನಗರಕ್ಕೆ ಬಂದ ಹಿರಿಯರ ಮಾತುಗಳನ್ನು ನಾವು ಕೆಲವು ಗೆಳೆಯರು ಧ್ವನಿಮುದ್ರಿಸಿಕೊಂಡಿದ್ದು, ಅವುಗಳಲ್ಲಿ ಒಂದು ಪದವನ್ನೂ ತಿದ್ದದೆ ಸಾಕ್ಷ್ಯನಾಟಕವಾಗಿ ಆಡಬೇಕೆಂದಿದ್ದೇವೆ. ಜಲಾಶಯದ ಮಟ್ಟವನ್ನು 519.60 ಮೀಟರಿನಿಂದ 524.256 ಮೀಟರಿಗೆ ಏರಿಸುವ ಯೋಜನೆಯಿರುವುದರಿಂದ, ಮುಂದೆ ಮುಳುಗಲಿರುವ ಊರುಗಳವರು ಹಿಂದೆ ಮುಳುಗಿದವರ ಅನುಭವ ಕೇಳಿ, ನಾಟಕ ಮುಗಿದ ಮೇಲೆ ಅಲ್ಲಿಯೇ ಪರಿಹಾರ, ಪುನರ್ವಸತಿಗಳ ಕುರಿತು ಚರ್ಚಿಸುವಂತಾಗಬೇಕೆಂಬುದು ನಮ್ಮ ಉದ್ದೇಶ. ತೊಡಕೆಂದರೆ, ಧ್ವನಿಮುದ್ರಣಕ್ಕೆ ಒಪ್ಪಿದ್ದ ಅಜ್ಜಿಯೊಬ್ಬರು ತಮ್ಮ ಮಾತನ್ನು ಬೇರೆಯವರು ರಂಗದ ಮೇಲೆ ಆಡುವುದಕ್ಕೆ ಈಗ ಹಿಂಜರಿಯುತ್ತಿದ್ದಾರೆ. ಅವರ ಭಾಗವಿಲ್ಲದೆ ನಾಟಕ ಸೊರಗುತ್ತದೆ (ಆದರೂ ಒತ್ತಾಯಿಸುವ ಮನಸ್ಸಿಲ್ಲ). ಹೆಸರು ಬದಲಿಸಿದರೆ ಸಾಕೇ, ಒಪ್ಪಿಗೆಯನ್ನು ಯಾವ ರೀತಿ ಪಡೆಯಬೇಕು, ನಮ್ಮ ಭಾಗದ ಜನಪದ ನಾಟಕ ಶ್ರೀಕೃಷ್ಣ ಪಾರಿಜಾತದಲ್ಲಿ ಹಾಡುತ್ತ ಕಥೆ ನಡೆಸುವ ಭಾಗವತನ ಧಾಟಿಯನ್ನು ನಿರೂಪಣೆಗೆ ಬಳಸಬಹುದೇ ಎಂಬುದನ್ನು ಅನುಭವಿಗಳು ದಯವಿಟ್ಟು ತಿಳಿಸಬೇಕು.