ಅಗಿಯದೆ ನುಂಗುವ ಮಗು: ನಮ್ಮ ಮನೆಯಲ್ಲಿ ಉಪಯೋಗಕ್ಕೆ ಬಂದದ್ದು

ಅಂಕೋಲೆಯ ಅಕ್ಕನಿಗೆ ನಮಸ್ಕಾರ. ಆಟಿಸಂ ಇರುವ ನಿಮ್ಮ ಐದು ವರ್ಷದ ಮಗ ಗಂಜಿ, ಮೊಸರನ್ನ ಬಿಟ್ಟು ಬೇರೇನೂ ಮುಟ್ಟುವುದಿಲ್ಲ, ದೋಸೆ ಚೂರು ಕೊಟ್ಟರೆ ಕೆನ್ನೆಯಲ್ಲೇ ಇಟ್ಟುಕೊಂಡು ಆಮೇಲೆ ಓಕರಿಸುತ್ತಾನೆ ಅಂತ ಬರೆದಿದ್ದೀರಿ. ನಾವು ಶಿರಸಿಯವರು. ನನ್ನ ಮಗಳೂ ಹೀಗೇ ಇದ್ದಳು.

ಇದು ಹಠ ಅಲ್ಲ ಅಕ್ಕ. "ಹಸಿದರೆ ತಾನೇ ತಿಂತಾನೆ" ಅಂತ ಮನೆಯ ಹಿರಿಯರು ಹೇಳ್ತಾರೆ ಅಲ್ವಾ, ದಯವಿಟ್ಟು ಉಪವಾಸ ಕೆಡವಬೇಡಿ. ಇಂಥ ಕೆಲವು ಮಕ್ಕಳು ಎಷ್ಟು ಹಸಿದರೂ ತಿನ್ನುವುದಿಲ್ಲ. ಅಗಿಯಬೇಕಾದರೆ ನಾಲಿಗೆ ತುತ್ತನ್ನು ಪಕ್ಕದ ದವಡೆ ಹಲ್ಲಿಗೆ ತಳ್ಳಬೇಕು. ನನ್ನ ಮಗಳ ನಾಲಿಗೆ ಹಿಂದೆ ಮುಂದೆ ಮಾತ್ರ ಆಡುತ್ತಿತ್ತು. ಇನ್ನು ಕೆಲವರಿಗೆ ಮೆತ್ತಗಿನದು, ಗಟ್ಟಿಯದು ಒಟ್ಟಿಗೆ ಬಾಯಿಗೆ ಬಂದರೆ ಆಗುವುದಿಲ್ಲ. ಅನ್ನದಲ್ಲಿ ಒಂದು ಬೀನ್ಸ್ ಚೂರು ಸಿಕ್ಕರೆ ಇಡೀ ತುತ್ತೇ ಹೊರಗೆ.

ಸ್ಪೀಚ್ ಥೆರಪಿಸ್ಟ್ ನಮಗೆ ಕಲಿಸಿದ್ದು ಇದು. ತಿನಿಸನ್ನು ಉದ್ದಕ್ಕೆ, ತೆಳ್ಳಗೆ ಮಾಡಿಕೊಳ್ಳಿ. ನಾಲಿಗೆ ಮೇಲೆ ಇಡಬೇಡಿ, ಬಾಯಿಯ ಪಕ್ಕದಿಂದ ದವಡೆ ಹಲ್ಲಿನ ಮೇಲೆ ಇಡಿ. ಇನ್ನೊಂದು ತುದಿ ನಿಮ್ಮ ಕೈಯಲ್ಲೇ ಇರಲಿ. ಅವನು ನೆಟ್ಟಗೆ ಕೂತಿರಬೇಕು, ಕಾಲು ನೆಲಕ್ಕೋ ಮಣೆಗೋ ತಾಗಿರಬೇಕು. ಒಮ್ಮೆ ಎಡಕ್ಕೆ, ಒಮ್ಮೆ ಬಲಕ್ಕೆ. ನಾವು ಶುರು ಮಾಡಿದ್ದು ತೊಡದೇವಿನಿಂದ. ಕಾಗದದಷ್ಟು ತೆಳ್ಳಗಿರುತ್ತದೆ, ಕಚ್ಚಿದರೆ ಕರುಂ ಅನ್ನುತ್ತದೆ, ಜೊಲ್ಲು ತಾಗಿದ ಕೂಡಲೇ ಕರಗುತ್ತದೆ. ಆ ಕರುಂ ಸದ್ದು ಅವಳಿಗೆ ಬಹಳ ಇಷ್ಟವಾಯಿತು. ಸಿಹಿ ಅಲ್ವಾ, ಸ್ವಲ್ಪವೇ ಕೊಡಿ. ಅದಾದ ಮೇಲೆ ತೆಳ್ಳೇವಿನ (ನಮ್ಮ ಕಡೆಯ ತೆಳ್ಳಗಿನ ದೋಸೆ) ಪಟ್ಟಿ, ಬೇಯಿಸಿದ ಗೆಣಸು. ತಿಂಗಳುಗಟ್ಟಲೆ ಹಿಡಿಯಿತು.

ಗಂಜಿಯೊಳಗೆ ತರಕಾರಿ ಅಡಗಿಸಿ ಕೊಡಬೇಡಿ. ಗೊತ್ತಾದರೆ ಗಂಜಿಯನ್ನೂ ಬಿಟ್ಟುಬಿಡುತ್ತಾನೆ. ಹೊಸದನ್ನು ಬೇರೆ ತಟ್ಟೆಯಲ್ಲಿ ಸುಮ್ನೆ ಪಕ್ಕಕ್ಕಿಡಿ. ನನಗೆ ಪರಿಚಯದ ಕುಮಟಾದ ಒಬ್ಬ ತಾಯಿಯ ಮಗ ಬಂಗಡೆ ಹುರಿಯುವ ವಾಸನೆಗೇ ಹೊರಗೆ ಓಡುತ್ತಿದ್ದ. ಅವರು ಒತ್ತಾಯ ಮಾಡಲಿಲ್ಲ. ಈಗ ಮುಳ್ಳು ತೆಗೆದ ಮೀನನ್ನು ಬೆರಳಲ್ಲಿ ಮುಟ್ಟಿ ಮೂಸುತ್ತಾನೆ, ಇನ್ನೂ ತಿನ್ನುವುದಿಲ್ಲ. ಅದೂ ಮುಂದಿನ ಹೆಜ್ಜೆಯೇ. ಇಡೀ ಶೇಂಗಾ, ಇಡೀ ದ್ರಾಕ್ಷಿ ಮಾತ್ರ ಈಗ ಬೇಡ, ಗಂಟಲಿಗೆ ಸಿಕ್ಕಿಕೊಳ್ಳುತ್ತದೆ.

ಇದೆಲ್ಲ ಶುರು ಮಾಡುವ ಮೊದಲು ಮಕ್ಕಳ ಡಾಕ್ಟರಿಗೆ ತೋರಿಸಿ. ಹುಳುಕು ಹಲ್ಲು, ಟಾನ್ಸಿಲ್, ಮಲಬದ್ಧತೆ ಇದ್ದರೂ ಮಕ್ಕಳು ತಿನ್ನುವುದಿಲ್ಲ, ಮಾತು ಬಾರದ ಮಗು ನೋವು ಅಂತ ಹೇಳುವುದು ಹೇಗೆ? ಬರೀ ಗಂಜಿ, ಮೊಸರನ್ನ ಅಂದರೆ ಕಬ್ಬಿಣದ ಅಂಶ ಕಡಿಮೆಯಾಗಿರಬಹುದು, ರಕ್ತ ಪರೀಕ್ಷೆ ಕೇಳಿ. ಮಕ್ಕಳ ಆರೋಗ್ಯ ತಪಾಸಣೆಗೆ ಸರ್ಕಾರದ ಆರ್‌ಬಿಎಸ್‌ಕೆ (ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮ) ಯೋಜನೆ ಇದೆ, ಅದರಲ್ಲಿ 18 ವರ್ಷದವರೆಗೆ ತಪಾಸಣೆ ಉಚಿತ, ಕಾರವಾರದ ಜಿಲ್ಲಾ ಆಸ್ಪತ್ರೆಯಲ್ಲಿ ವಿಚಾರಿಸಿ. ನುಂಗುವ ತೊಂದರೆಯನ್ನು ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಲ್ಲಿ ನೋಡುತ್ತಾರೆ. ದೂರ ನಿಜ, ಆದರೂ ಒಮ್ಮೆ ಹೋಗಿ ಬನ್ನಿ.

ಒಂದು ವಿಷಯ ನೀವು ಬರೆದಿಲ್ಲ. ನೀರು ಕುಡಿಯುವಾಗ ಕೆಮ್ಮುತ್ತಾನಾ? ಪದೇ ಪದೇ ಕಫ, ಜ್ವರ ಬರುತ್ತದಾ? ಹೌದಾದರೆ ಗಟ್ಟಿ ತಿನಿಸು ಯಾವುದನ್ನೂ ಕೊಡದೆ, ಮೊದಲು ಡಾಕ್ಟರ ಹತ್ತಿರ ಹೋಗಿ.