ಸಮಸ್ಯೆ: ಜಪಮಾಲೆಯೊಳೆಣಿಸಿದಂ ಹಿಮಾದ್ರಿಯ ನೆಲನಂ

ಕಂದವ್ಯಸನಿ: ಈ ವಾರದ ಸಮಸ್ಯೆಯ ಸಾಲು ಮೇಲಿದೆ, ಅದೇ ಕೊನೆಯ ಸಾಲಾಗುವಂತೆ ಮೂರು ಸಾಲು ಬರೆದು ಕಂದಪದ್ಯ ಪೂರಣ ಮಾಡಿ. ವಸ್ತು ಕುಮಾಊಂ ಬೆಟ್ಟಸೀಮೆಯ ಮಿಲಮ್ ಊರಿನ ಮೇಷ್ಟ್ರು, ಪಂಡಿತ ನೈನ್ ಸಿಂಗ್ ರಾವತ್. ಬ್ರಿಟಿಷ್ ಭಾರತದ ಸರ್ವೆಗಾಗಿ ಯಾತ್ರಿಕನ ವೇಷದಲ್ಲಿ ಗುಟ್ಟಾಗಿ ಟಿಬೆಟ್ ಹೊಕ್ಕು 1866ರ ಜನವರಿಯಲ್ಲಿ ಲ್ಹಾಸಾ ಮುಟ್ಟಿ, ದಾರಿಯನ್ನೆಲ್ಲ ನಕ್ಷೆಗೆ ತಂದವರು. ಮಾಯೆ ಮಂತ್ರ ಅಂತ ತೇಲಿಸಬೇಡಿ, ಲೆಕ್ಕ ಕಾಣಬೇಕು.

ಶರಾವತಿ:
ವಿಪರೀತಂ ನೂರೆಂಟಂ
ನಿಪುಣಂ ನೂರಾಗಿಸುತ್ತೆ ನಡೆದಂ ನಡೆದಂ
ನೆಪಮಾಗೆ ಮಂತ್ರಮೆಂಬುದು
ಜಪಮಾಲೆಯೊಳೆಣಿಸಿದಂ ಹಿಮಾದ್ರಿಯ ನೆಲನಂ

ಮಾತ್ರಾಗಣಕ: ಸೊಗಸು. ಮುಂದೆ.

ಹೊಸಪೇಟೆ ರಸಿಕ:
ಕಪಟದ ವೇಷದೆ ಪಂಡಿತ
ನುಪಕರಣಮನಡಗಿಸುತ್ತೆ ಮಣಿಚಕ್ರದೊಳಂ
ತಪಸಿಯವೊಲ್ ಪಜ್ಜೆಗಳಿಂ
ಜಪಮಾಲೆಯೊಳೆಣಿಸಿದಂ ಹಿಮಾದ್ರಿಯ ನೆಲನಂ

ಮಾತ್ರಾಗಣಕ: ಛಂದಸ್ಸಿಗೆ ತಕರಾರಿಲ್ಲ, ಸಂಗತಿಗಿದೆ. ಕೋನ ಅಳೆಯುವ ಸೆಕ್ಸ್‌ಟಂಟ್, ಕೈಯಲ್ಲಿ ತಿರುಗಿಸುವ ಪ್ರಾರ್ಥನೆಯ ಮಣಿಚಕ್ರದೊಳಗೆ ಹಿಡಿಯುತ್ತದೆಯೇ ರಸಿಕರೇ? ಅದಿದ್ದದ್ದು ಪೆಟ್ಟಿಗೆಯ ಕಳ್ಳತಳದಲ್ಲಿ. ಚಕ್ರದಲ್ಲಿ ಮಂತ್ರದ ಸುರುಳಿಯ ಬದಲು ಟಿಪ್ಪಣಿಯ ಚೀಟಿಗಳಿದ್ದವು.

ಹೊಸಪೇಟೆ ರಸಿಕ: ಒಪ್ಪಿದೆ. ಮೊದಲೆರಡು ಸಾಲು ಹೀಗಿರಲಿ:
ಕಪಟದ ವೇಷದೊಳಾತಂ
ಲಿಪಿಯಂ ಪುದುಗಿಸುತೆ ಸುತ್ತಿ ಮಣಿಚಕ್ರದೊಳಂ

ಕಂದವ್ಯಸನಿ: ಈಗ ಕೂತಿತು.

ನೀಲಾಂಬರಿ:
ಚಪಲಮನಾ ಕವಡೆಗಳಿಂ
ಸುಪಾತ್ರದೊಳ್ ಸುರಿದು ಗಾಳಿಯಿಲ್ಲದ ಪದದೊಳ್
ಉಪರಿಯ ತಾರಗೆಯಮರ್ದಿರೆ
ಜಪಮಾಲೆಯೊಳೆಣಿಸಿದಂ ಹಿಮಾದ್ರಿಯ ನೆಲನಂ

ಚಪಲ ಅಂದರೆ ಪಾದರಸ. ಕವಡೆಯಲ್ಲಿ ತುಂಬಿ ಒಯ್ದದ್ದು, ತಾರೆಯ ಬಿಂಬ ನೋಡಲು ಯಾತ್ರಿಕನ ಬಟ್ಟಲಿಗೆ ಸುರಿದದ್ದು.

ಮಾತ್ರಾಗಣಕ: ಮೂರನೆಯ ಸಾಲಿಗೆ ಹದಿಮೂರು ಮಾತ್ರೆ, ಇರಬೇಕಾದದ್ದು ಹನ್ನೆರಡು.

ನೀಲಾಂಬರಿ: ಹನ್ನೆರಡು. ಅಮರ್ದು ಶಿಥಿಲದ್ವಿತ್ವ, ಅಂದರೆ ಒತ್ತಕ್ಷರವನ್ನು ಸಡಿಲವಾಗಿ ಉಚ್ಚರಿಸುವುದರಿಂದ ಹಿಂದಿನ ಮಕಾರ ಲಘುವೇ. ವ್ಯಾಕರಣಕಾರ ಕೇಶಿರಾಜ ಬಿಟ್ಟ ದಾರಿಯನ್ನು ನೀವು ಮುಚ್ಚುವಂತಿಲ್ಲ.

ಮಾತ್ರಾಗಣಕ: ದಾರಿ ಇದೆ, ಇಲ್ಲಿ ಅದರ ಅಗತ್ಯ ಇಲ್ಲ. ಓದುವಾಗ ನಾಲಗೆ ರೇಫದ ಮೇಲೆ ನಿಲ್ಲುತ್ತದೆ. ಹೋದ ತಿಂಗಳು "ಬೆಮರ್ದು" ಬಂದಾಗ ಇದೇ ವಾದ ಮಾಡಿದಿರಿ.

ನೀಲಾಂಬರಿ: ಆಗಲೂ ನಾನೇ ಸರಿ ಇದ್ದೆ. ನಿಮ್ಮ ನಾಲಗೆ ನಿಂತರೆ ಪದ್ಯದ ತಪ್ಪೇ?

ಶರಾವತಿ: ಇಬ್ಬರೂ ಸಾಲನ್ನು ಇನ್ನೊಮ್ಮೆ ಓದಿ. ತಾರಗೆಯಲ್ಲಿ ಒಂದು ಗಕಾರ ಕಳೆದರೆ ಸಾಕು. "ಉಪರಿಯ ತಾರೆಯಮರ್ದಿರೆ", ಮಕಾರ ಗುರುವಾದರೂ ಹನ್ನೆರಡೇ.

ಮಾತ್ರಾಗಣಕ: ಇದು ನಿಲ್ಲುತ್ತದೆ.

ನೀಲಾಂಬರಿ: ಬದಲಿಸುತ್ತೇನೆ, ತಾರೆ ಚಿಕ್ಕದಾಗಿ ಚೆನ್ನಾಗಿದೆ ಅಂತ. ತಾರಗೆ ತಪ್ಪೆಂದು ಅಲ್ಲ.

ಹೊಸಪೇಟೆ ರಸಿಕ: ನನ್ನ ಪದ್ಯಕ್ಕೆ ಸಂಗತಿ ಕೇಳಿದಿರಲ್ಲ, ಇದಕ್ಕೂ ಕೇಳುತ್ತೇನೆ. ತಾರೆ ನೋಡಿದರೆ ಸಿಗುವುದು ಅಕ್ಷಾಂಶ, ಮಣಿ ಎಣಿಸಿದರೆ ಸಿಗುವುದು ದೂರ. "ಅಮರ್ದಿರೆ ಎಣಿಸಿದಂ" ಅಂದರೆ ತಾರೆ ನೋಡುತ್ತಾ ಹೆಜ್ಜೆ ಎಣಿಸಿದಂತಾಯಿತು.

ಕಂದವ್ಯಸನಿ: ಪೆಟ್ಟು ಸರಿಯಾದ ಜಾಗಕ್ಕೆ ಬಿತ್ತು. ಎರಡು ಕೆಲಸ ಬೇರೆಬೇರೆ. ಹೆಜ್ಜೆ 31.68 ಅಂಗುಲಕ್ಕೆ ಪಳಗಿದರೆ 2000 ಹೆಜ್ಜೆಗೆ ಒಂದು ಮೈಲಿ. ನೂರು ಹೆಜ್ಜೆಗೆ ಒಂದು ಮಣಿ, ನೂರು ಮಣಿಯ ಅವರ ಮಾಲೆ ಒಂದು ಸುತ್ತು ಬಂದರೆ ಐದು ಮೈಲಿ. ವಾಡಿಕೆಯಂತೆ ನೂರೆಂಟು ಮಣಿಯಾಗಿದ್ದರೆ ಸುತ್ತಿಗೆ 10,800 ಹೆಜ್ಜೆ, ಲೆಕ್ಕ ಮುರಿಯುತ್ತಿತ್ತು. ಏರಿನಲ್ಲಿ, ಹಿಮದಲ್ಲಿ ಹೆಜ್ಜೆ ಕುಗ್ಗುತ್ತದೆ, ದೂರ ಹೆಚ್ಚಾಗಿ ಕಾಣುತ್ತದೆ. ಆ ತಪ್ಪು ಬೆಳೆಯದಂತೆ ತಡೆಯುವುದು ಅಕ್ಷಾಂಶ.

ಮಾತ್ರಾಗಣಕ: ತಾರೆಗೂ ಬಟ್ಟಲಿನಲ್ಲಿ ಕಾಣುವ ಅದರ ಬಿಂಬಕ್ಕೂ ನಡುವೆ ಅಳೆದ ಕೋನ ಎತ್ತರದ ಇಮ್ಮಡಿ ಇರುತ್ತದೆ, ಅರ್ಧ ಮಾಡಬೇಕು. ಸೆಕ್ಸ್‌ಟಂಟ್ 120 ಡಿಗ್ರಿಗೆ ನಿಂತರೆ 60ಕ್ಕಿಂತ ಮೇಲಿನ ಸೂರ್ಯ ಸಿಕ್ಕುವುದಿಲ್ಲ. ಲ್ಹಾಸಾದ ಜನವರಿಯ ನಡುಹಗಲಲ್ಲಿ ಸೂರ್ಯ 40ರ ಆಸುಪಾಸು, ಅಲ್ಲಿ ಅಡ್ಡಿ ಇರಲಿಲ್ಲ. ಅಡ್ಡಿ ಗಾಳಿಯದು, ಪಾದರಸದ ಮೇಲ್ಮೈ ಅಲುಗಿದರೆ ಬಿಂಬ ಒಡೆಯುತ್ತದೆ. ನೀಲಾಂಬರಿಯವರ "ಗಾಳಿಯಿಲ್ಲದ ಪದದೊಳ್" ಅದಕ್ಕೇ ನನಗೆ ಹಿಡಿಸಿತು.

ನೀಲಾಂಬರಿ: ಇದನ್ನು ಮೊದಲೇ ಹೇಳಬಹುದಿತ್ತು.

ಹೊಸಪೇಟೆ ರಸಿಕ: ನಮ್ಮ ಬೆಂಗಳೂರಿನಲ್ಲಿ 1800ರಲ್ಲೇ ಸರ್ವೆಯ ವಿಲಿಯಂ ಲ್ಯಾಂಬ್ಟನ್ ನಕ್ಷೆಗೆ ಮೂಲವಾದ ಆಧಾರರೇಖೆ ಅಳೆದದ್ದು ನೂರು ಅಡಿಯ ಉಕ್ಕಿನ ಸರಪಳಿಯಿಂದ. ಅಲ್ಲಿ ಸರಪಳಿ ಎಳೆಯುವ ಆಳುಗಳಿದ್ದರು, ಪಂಡಿತರಿಗೆ ಕಾಲೇ ಸರಪಳಿ. ಎರಡನೆಯ ಅಕ್ಷರ ಪಕಾರವಲ್ಲ, ಹಾಗಾಗಿ ಸರಪಳಿಗೆ ಪ್ರಾಸ ಕೂರುವುದಿಲ್ಲ, ಇಲ್ಲವಾದರೆ ಬರೆದೇಬಿಡುತ್ತಿದ್ದೆ.

ಶರಾವತಿ: ಕುದಿಯುವ ನೀರನ್ನು ಯಾರೂ ಮುಟ್ಟಲಿಲ್ಲ. ಎತ್ತರ ಅಳೆದದ್ದು ಅದರಿಂದಲೇ. ಸುಮಾರು 300 ಮೀಟರ್ ಏರಿದರೆ ಕುದಿಬಿಂದು ಒಂದು ಡಿಗ್ರಿ ಸೆಲ್ಸಿಯಸ್ ಇಳಿಯುತ್ತದೆ.

ಕಂದವ್ಯಸನಿ: "ತಪನ"ದಿಂದ ಎತ್ತಿ, ಪ್ರಾಸ ಸಿದ್ಧವಾಗಿದೆ. ಗಣಕರೇ, ಈ ಸಲ ನೀವು. ತಿದ್ದಿದ್ದು ಸಾಕು, ಒಂದು ಪೂರಣ ಹಾಕಿ.