ದೃಢೀಕರಣ ಮುಗಿದ ಮೇಲೆ ಮುಂದೇನು? ಸಣ್ಣ ಊರಿನ ಸಭೆಯಲ್ಲಿ ಶಿಷ್ಯತ್ವ ಹೇಗೆ?

ಗುಡ್ಡದೂರಿನವ:

ಎಲ್ಲರಿಗೂ ಕರ್ತನ ಹೆಸರಿನಲ್ಲಿ ವಂದನೆ. ಗುಳೇದಗುಡ್ಡ ಕಡೆಯ ಒಂದು ಸಿಎಸ್‌ಐ (ಚರ್ಚ್ ಆಫ್ ಸೌತ್ ಇಂಡಿಯಾ) ಸಭೆಯಲ್ಲಿ ಯೌವನಸ್ಥರ ಕೂಟ ನೋಡಿಕೊಳ್ಳುತ್ತೇನೆ. ಒಂದು ವಿಷಯ ಬಹಳ ದಿನದಿಂದ ಕಾಡುತ್ತಿದೆ, ಅದಕ್ಕೇ ಇಲ್ಲಿ ಕೇಳುತ್ತಿದ್ದೇನೆ.

ಚಿಕ್ಕಂದಿನಲ್ಲಿ ದೀಕ್ಷಾಸ್ನಾನವಾದ ಮಕ್ಕಳು ಬೆಳೆದ ಮೇಲೆ ತಮ್ಮ ವಿಶ್ವಾಸವನ್ನು ತಾವೇ ಒಪ್ಪಿಕೊಳ್ಳುವ ವಿಧಿಯೇ ದೃಢೀಕರಣ, ನಮ್ಮಲ್ಲಿ ಅದರ ಕ್ಲಾಸ್ ಚೆನ್ನಾಗಿಯೇ ನಡೆಯುತ್ತದೆ. ಹತ್ತು ಆಜ್ಞೆ, ಕರ್ತನ ಪ್ರಾರ್ಥನೆ, ವಿಶ್ವಾಸ ಪ್ರಮಾಣ ಎಲ್ಲಾ ಮಕ್ಕಳಿಗೆ ಬಾಯಿಪಾಠ. ಬಿಷಪ್ ಬರುತ್ತಾರೆ, ತಲೆ ಮೇಲೆ ಕೈ ಇಟ್ಟು ಪ್ರಾರ್ಥಿಸುತ್ತಾರೆ, ಮೊದಲ ಸಲ ಕರ್ತನ ಭೋಜನ (ರೊಟ್ಟಿ, ದ್ರಾಕ್ಷಾರಸದ ವಿಧಿ), ಫೋಟೋ, ಮನೆಯಲ್ಲಿ ಹಬ್ಬದೂಟ. ಆಮೇಲೆ? ಆಮೇಲೆ ಏನೂ ಇಲ್ಲ. ಕೆಲವರು ಕಾಲೇಜಿಗೆ ಬಾಗಲಕೋಟೆಗೆ ಹೋಗುತ್ತಾರೆ, ಕೆಲವರು ಕೆಲಸಕ್ಕೆ ಬೆಂಗಳೂರು, ಪುಣೆ. ಕ್ರಿಸ್ಮಸ್‌ಗೆ ಬಂದು ಹೋಗುತ್ತಾರೆ. ಊರಲ್ಲೇ ಉಳಿದವರು ರವಿವಾರ ಬರುತ್ತಾರೆ, ಹಾಡುತ್ತಾರೆ, ಹೋಗುತ್ತಾರೆ. ಮನೆಯಲ್ಲಿ ಜಗಳ ಇದೆಯಾ, ಸಾಲ ಇದೆಯಾ, ಪ್ರಾರ್ಥನೆ ಮಾಡುತ್ತಾರಾ ಇಲ್ಲವಾ, ಯಾರೂ ಕೇಳುವುದಿಲ್ಲ.

ಮತ್ತಾಯ 28ರ ಕೊನೆಯಲ್ಲಿ ಯೇಸು ಸ್ವಾಮಿ ಹೇಳಿದ್ದು ಶಿಷ್ಯರನ್ನಾಗಿ ಮಾಡಿ, ದೀಕ್ಷಾಸ್ನಾನ ಕೊಡಿ, ನಾನು ಆಜ್ಞಾಪಿಸಿದ್ದನ್ನೆಲ್ಲಾ ಪಾಲಿಸುವುದಕ್ಕೆ ಕಲಿಸಿ ಅಂತ. ಬಾಯಿಪಾಠ ಮಾಡಿಸುವುದು ನಮಗೆ ಗೊತ್ತು. ಪಾಲಿಸುವುದಕ್ಕೆ ಕಲಿಸುವುದು ಹೇಗೆ ಅಂತ ಗೊತ್ತಾಗುತ್ತಿಲ್ಲ. ಒಬ್ಬರು ಹೊರದೇಶದ ಒಂದು ಪಾಠದ ಪುಸ್ತಕ ಕೊಟ್ಟರು, ಕನ್ನಡಕ್ಕೆ ತಂದಿದ್ದಾರೆ, ಓದಿ ಖಾಲಿ ಜಾಗ ತುಂಬಬೇಕು. ಮಗ್ಗದ ಮುಂದೆ ದಿನವೆಲ್ಲಾ ಕೂತು ಬಂದ ಹುಡುಗರಿಗೆ ರಾತ್ರಿ ಮತ್ತೆ ಪರೀಕ್ಷೆ ಕೊಟ್ಟ ಹಾಗಾಗುತ್ತದೆ ಅಲ್ವಾ? ಪಾಸ್ಟರ್‌ಗೆ ನಮ್ಮದಲ್ಲದೆ ಬೇರೆ ಹಳ್ಳಿಗಳ ಸಭೆಗಳೂ ಇವೆ, ಎಲ್ಲವನ್ನೂ ಅವರೇ ಮಾಡಲಿ ಎನ್ನುವುದು ನ್ಯಾಯವಲ್ಲ. ನಮ್ಮಂಥ ಸಣ್ಣ ಊರಲ್ಲಿ ಇದನ್ನು ಯಾರಾದರೂ ನಡೆಸಿದ್ದರೆ ದಯವಿಟ್ಟು ಹೇಳಿ.

ಕ್ಯಾಂಪ್ ಬೆಳಗಾವಿ:

ತಮ್ಮಾ, ಒಳ್ಳೆಯ ಪ್ರಶ್ನೆ ಕೇಳಿದ್ದೀರಿ. ನಾನು ಬೆಳಗಾವಿಯ ಮೆಥೋಡಿಸ್ಟ್ ಸಭೆಯವನು, ವಯಸ್ಸಾದವನು, ಸ್ವಲ್ಪ ಉದ್ದ ಬರೆಯುತ್ತೇನೆ.

ಮೊದಲು ಮಾರ್ಕ 3:14 ನೋಡಿ. ಸ್ವಾಮಿ ಹನ್ನೆರಡು ಮಂದಿ ಶಿಷ್ಯರನ್ನು ಆರಿಸಿದ್ದು ಯಾಕೆ? ತನ್ನ ಜೊತೆ ಇರಬೇಕು ಅಂತ. ಸಾರುವುದಕ್ಕೆ ಕಳುಹಿಸುವ ಮಾತು ಅದಾದ ಮೇಲೆ ಬರುತ್ತದೆ. ಜೊತೆಗೆ ನಡೆದರು, ಜೊತೆಗೆ ಉಂಡರು, ದೋಣಿಯಲ್ಲಿ ಜೊತೆಗೆ ಹೆದರಿದರು. ಕಪೆರ್ನೌಮಿಗೆ ಹೋಗುವ ದಾರಿಯಲ್ಲಿ ತಮ್ಮಲ್ಲಿ ಯಾರು ದೊಡ್ಡವರು ಅಂತ ಜಗಳವಾಡಿದರು, ಸ್ವಾಮಿ ಮನೆಗೆ ಬಂದ ಮೇಲೆ ಕೂತುಕೊಂಡು ಅದನ್ನೇ ಎತ್ತಿ ಕೇಳಿದರು. ಆ ಜಗಳ ಆಗದೇ ಇದ್ದಿದ್ದರೆ, ಅಥವಾ ಆದಾಗ ಸ್ವಾಮಿ ಜೊತೆಗೆ ಇಲ್ಲದಿದ್ದರೆ, ಆ ಪಾಠ ಹುಟ್ಟುತ್ತಲೇ ಇರಲಿಲ್ಲ. ಪುಸ್ತಕ ಬೇಡ ಎನ್ನುತ್ತಿಲ್ಲ. ಜೊತೆಗೆ ಇರುವ ಮನುಷ್ಯ ಮೊದಲು ಬೇಕು.

ಇನ್ನೊಂದು, ನಮ್ಮ ಸಭೆಯ ಹಳೆಯ ಕಥೆ. 1742ರಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್‌ನಲ್ಲಿ ಮೆಥೋಡಿಸ್ಟ್ ಚಳವಳಿಯ ಮುಂದಾಳು ಜಾನ್ ವೆಸ್ಲಿಯ ಜನ ಕಟ್ಟಿಸಿದ ಕಟ್ಟಡದ ಮೇಲೆ ಸಾಲ ಇತ್ತು. ವಾರಕ್ಕೆ ಒಬ್ಬೊಬ್ಬರು ಒಂದೊಂದು ಪೆನ್ನಿ ಕೊಡೋಣ ಅಂತ ಒಬ್ಬರು ಹೇಳಿದರು. ಎಷ್ಟೋ ಜನ ಬಡವರು, ಅವರಿಗೆ ಆಗುವುದಿಲ್ಲ ಅಂತ ಇನ್ನೊಬ್ಬರು. ಹಾಗಾದರೆ ತೀರಾ ಬಡವರಾದ ಹನ್ನೊಂದು ಮಂದಿಯನ್ನು ನನಗೆ ಒಪ್ಪಿಸಿ, ಪ್ರತಿ ವಾರ ಅವರ ಮನೆಗೆ ಹೋಗುತ್ತೇನೆ, ಕೊಟ್ಟರೆ ಸರಿ, ಇಲ್ಲದಿದ್ದರೆ ನಾನೇ ಹಾಕುತ್ತೇನೆ ಅಂತ ಮೊದಲು ಹೇಳಿದವರೇ ಒಪ್ಪಿಕೊಂಡರು. ಬೇರೆಯವರೂ ಹಾಗೇ ಜನರನ್ನು ಹಂಚಿಕೊಂಡರು. ಹೀಗೆ ದುಡ್ಡಿಗೆ ಅಂತ ಮನೆ ಮನೆಗೆ ಹೋದಾಗ ಅಲ್ಲಿನ ಬದುಕು ಕಾಣಿಸಿತು. ಯಾರು ಕುಡಿಯುತ್ತಿದ್ದಾರೆ, ಯಾರ ಮನೆಯಲ್ಲಿ ಹೊಡೆದಾಟ, ಯಾರು ಕಾಯಿಲೆ ಬಿದ್ದಿದ್ದಾರೆ. ವೆಸ್ಲಿಗೆ ತಕ್ಷಣ ಹೊಳೆಯಿತು, ನಾವು ಹುಡುಕುತ್ತಿದ್ದದ್ದು ಇದನ್ನೇ ಅಂತ. ಆಮೇಲೆ ಆ ಹನ್ನೆರಡು ಮಂದಿಯ ಗುಂಪುಗಳೇ ವಾರಕ್ಕೊಮ್ಮೆ ಒಂದು ಕಡೆ ಸೇರತೊಡಗಿದವು. ಅವನ್ನು ನಡೆಸಿದವರು ಪಾಸ್ಟರ್‌ಗಳಲ್ಲ. ದುಡಿದು ತಿನ್ನುವ ಸಾಮಾನ್ಯ ಜನ, ಹೆಂಗಸರೂ ಇದ್ದರು.

ನಮ್ಮಲ್ಲಿ ಮಾಡಿದ್ದು ಸರಳ. ನಾಲ್ಕೈದು ಹುಡುಗರು, ಒಬ್ಬ ಹಿರಿಯ, ಒಂದು ಮನೆ, ಚಹಾ. ಮಾರ್ಕನ ಸುವಾರ್ತೆ 16 ಅಧ್ಯಾಯ, ವಾರಕ್ಕೊಂದು, ಜೋರಾಗಿ ಓದುವುದು. ಸ್ವಾಮಿ ಇಲ್ಲಿ ಏನು ಮಾಡಿದರು, ಅದನ್ನು ಕೇಳಿದ ಮೇಲೆ ಈ ವಾರ ನಾನು ಏನು ಮಾಡಬೇಕು. ಇಷ್ಟೇ. ಮುಂದಿನ ವಾರ ಕೂತ ಕೂಡಲೇ ಅದನ್ನು ಮಾಡಿದೆಯಾ ಅಂತ ಕೇಳುವುದು. ಹಿರಿಯನೂ ಉತ್ತರ ಕೊಡಬೇಕು, ಅವನಿಗೆ ರಿಯಾಯಿತಿ ಇಲ್ಲ. ಇದನ್ನು ಬಿಟ್ಟರೆ ಉಳಿದದ್ದೆಲ್ಲಾ ಸುಮ್ನೆ ಓದು.

ಘಟಪ್ರಭಾ ದಂಡೆ:

ಅಣ್ಣಾವ್ರು ಹೇಳಿದ್ದು ನಿಜ, ಆದರೆ ಒಂದು ಎಚ್ಚರಿಕೆ ಹೇಳಲೇಬೇಕು. ಮಾಡಿದೆಯಾ ಅಂತ ಕೇಳುವ ಹಕ್ಕು ಒಬ್ಬರ ಕೈಗೆ ಬಂದರೆ ಅದು ಎಲ್ಲಿಗೆ ಹೋಗುತ್ತದೆ ಅಂತ ನಾನು ಕಣ್ಣಾರೆ ಕಂಡಿದ್ದೇನೆ. ನಾನು ಕಾಲೇಜಿನಲ್ಲಿದ್ದಾಗ ಒಂದು ಪ್ರಾರ್ಥನಾ ಗುಂಪಿಗೆ ಹೋಗುತ್ತಿದ್ದೆ. ಮೊದಮೊದಲು ಬಹಳ ಪ್ರೀತಿ. ಬರಬರುತ್ತಾ ಯಾವ ಕೆಲಸಕ್ಕೆ ಅರ್ಜಿ ಹಾಕಬೇಕು, ರಜೆಗೆ ಊರಿಗೆ ಹೋಗಬೇಕಾ ಬೇಡವಾ, ಯಾವ ಹುಡುಗಿಯನ್ನು ನೋಡಬೇಕು, ಎಲ್ಲದಕ್ಕೂ ಲೀಡರ್ ಒಪ್ಪಿಗೆ ಬೇಕಾಯಿತು. ಒಪ್ಪದಿದ್ದರೆ ನಿನ್ನಲ್ಲಿ ವಿಧೇಯತೆ ಇಲ್ಲ, ಶಿಲುಬೆ ಹೊರಲು ಮನಸ್ಸಿಲ್ಲ ಎನ್ನುತ್ತಿದ್ದರು. ನನ್ನ ಗೆಳೆಯನೊಬ್ಬ ಅಲ್ಲಿಂದ ಹೊರಬಂದವನು ಈಗಲೂ ಯಾವ ಸಭೆಯ ಬಾಗಿಲನ್ನೂ ತುಳಿಯುವುದಿಲ್ಲ. ಅದನ್ನು ನೆನೆದರೆ ಸಂಕಟವಾಗುತ್ತದೆ.

ಇದು ಹೊಸದೇನಲ್ಲ. 1970ರ ದಶಕದಲ್ಲಿ ಅಮೆರಿಕದ ಫ್ಲೋರಿಡಾದಿಂದ ಇಂಥದ್ದೇ ಒಂದು ಚಳವಳಿ ಹಬ್ಬಿತ್ತು, ಪ್ರತಿಯೊಬ್ಬ ವಿಶ್ವಾಸಿಯ ಮೇಲೂ ಒಬ್ಬ 'ಕುರುಬ' ಇರಬೇಕು ಅಂತ. ಎಷ್ಟೋ ಜನರ ಬದುಕು ಹಾಳಾಯಿತು. ಅದರ ಮುಂದಾಳುಗಳಲ್ಲಿ ಒಬ್ಬರಾದ ಬಾಬ್ ಮಮ್‌ಫೋರ್ಡ್ ಆಮೇಲೆ ಬಹಿರಂಗವಾಗಿ ಕ್ಷಮೆ ಕೇಳಿದರು.

ಮತ್ತಾಯ 23:8-10ರಲ್ಲಿ ಸ್ವಾಮಿ ಸ್ಪಷ್ಟವಾಗಿ ಹೇಳಿದ್ದಾರೆ. ನಿಮಗೆ ಗುರು ಒಬ್ಬನೇ, ನೀವೆಲ್ಲರೂ ಸಹೋದರರು. ಹಿರಿಯನಾದವನು ಹುಡುಗರನ್ನು ಯೇಸುವಿನ ಹಿಂದೆ ಕರೆದುಕೊಂಡು ಹೋಗಬೇಕು, ತನ್ನ ಹಿಂದೆ ಅಲ್ಲ. ಸ್ವಾಮಿ ಬೆಲೆಯನ್ನು ಮುಚ್ಚಿಡಲಿಲ್ಲ. ಲೂಕ 14ರಲ್ಲಿ ಗೋಪುರ ಕಟ್ಟುವವನು ಮೊದಲು ಕೂತು ಖರ್ಚು ಲೆಕ್ಕ ಹಾಕುವುದಿಲ್ಲವೇ ಅಂತ ಎಲ್ಲರ ಮುಂದೆಯೇ ಕೇಳಿದರು. ಯೋಹಾನ 6ರಲ್ಲಿ ಬಹಳ ಮಂದಿ ಶಿಷ್ಯರು ಬಿಟ್ಟು ಹೋದರು. ಯಾರನ್ನೂ ಹಿಡಿದು ನಿಲ್ಲಿಸಲಿಲ್ಲ. ಉಳಿದ ಹನ್ನೆರಡು ಮಂದಿಗೂ, ನೀವೂ ಹೋಗಬೇಕೆಂದಿದ್ದೀರಾ ಅಂತ ಕೇಳಿದರು. ಬಾಗಿಲು ತೆರೆದಿತ್ತು. ನಿಮ್ಮ ಗುಂಪಿನ ಬಾಗಿಲೂ ಹಾಗೇ ಇರಲಿ.

ಅದಕ್ಕೇ ಶುರು ಮಾಡುವಾಗಲೇ ಹೇಳಿಬಿಡಿ. ಮದುವೆ, ಕೆಲಸ, ದುಡ್ಡಿನ ವಿಷಯದಲ್ಲಿ ಸಲಹೆ ಕೊಡಬಹುದು, ಅಪ್ಪಣೆ ಕೊಡುವಂತಿಲ್ಲ. ಗುಂಪಿನಲ್ಲಿ ಹೇಳಿದ ಮಾತು ಹೊರಗೆ ಹೋಗಬಾರದು. ಆದರೆ ಮಗುವಿಗೋ ಹೆಂಗಸಿಗೋ ಪೆಟ್ಟು ಬೀಳುತ್ತಿದೆ ಅಂತ ಗೊತ್ತಾದರೆ ಮುಚ್ಚಿಡುವುದೂ ತಪ್ಪು.

ವಿಜಯಪುರದ ಅಕ್ಕ:

ನೀವೆಲ್ಲಾ ಹುಡುಗರ ಬಗ್ಗೆ ಮಾತಾಡುತ್ತಿದ್ದೀರಿ, ಹುಡುಗಿಯರು ಎಲ್ಲಿ? ನಮ್ಮ ಸಭೆಗಳಲ್ಲಿ ರವಿವಾರ ಎಣಿಸಿ ನೋಡಿ, ಜಾಸ್ತಿ ಕೂತಿರುವವರು ನಾವೇ. ರಾತ್ರಿ ಕೂಟ ಅಂತ ಇಟ್ಟರೆ ಆ ಹೊತ್ತಿಗೆ ನಾವು ಒಲೆ ಮುಂದೆ ರೊಟ್ಟಿ ಬಡಿಯುತ್ತಿರುತ್ತೇವೆ. ಮಾರ್ಥಳ ಸಹೋದರಿ ಮರಿಯಳು ಸ್ವಾಮಿಯ ಪಾದದ ಬಳಿ ಕೂತು ವಾಕ್ಯ ಕೇಳಿದಳು, ಅದನ್ನು ಅವಳಿಂದ ತೆಗೆಯುವುದಿಲ್ಲ ಅಂತ ಸ್ವಾಮಿಯೇ ಹೇಳಿದರು. ಹಾಗಿದ್ದ ಮೇಲೆ ಹೊತ್ತು ಗೊತ್ತುಮಾಡುವಾಗ ನಮ್ಮನ್ನೂ ಕೇಳಿ.

ಅಪೊಸ್ತಲರ ಕೃತ್ಯಗಳು 9ರಲ್ಲಿ ಯೊಪ್ಪ ಊರಿನ ತಬಿಥಾ ಇದ್ದಾಳಲ್ಲ, ಅವಳನ್ನು ಶಿಷ್ಯಳೆಂದೇ ಕರೆದಿದ್ದಾರೆ. ಅವಳು ಪ್ರಸಂಗ ಮಾಡಿದ್ದು ಎಲ್ಲೂ ಬರೆದಿಲ್ಲ. ವಿಧವೆಯರಿಗೆ ಬಟ್ಟೆ ಮಾಡಿಕೊಡುತ್ತಿದ್ದಳು. ಅವಳು ಸತ್ತಾಗ ಆ ವಿಧವೆಯರು ಅಳುತ್ತಾ ಅಂಗಿಗಳನ್ನು ತಂದು ಪೇತ್ರನಿಗೆ ತೋರಿಸಿದರು. ಖಣ (ಕುಪ್ಪಸದ ಬಟ್ಟೆ) ನೇಯುವ ನಿಮ್ಮೂರಿನವರಿಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ.

ನಮ್ಮ ಕಡೆ ಒಬ್ಬ ಅಜ್ಜಿ ಇದ್ದಾರೆ, ಓದು ಬರಹ ಇಲ್ಲ. ಫೋನಿನಲ್ಲಿ ಬೈಬಲ್ ಕೇಳುತ್ತಾರೆ, ಕೀರ್ತನೆಗಳು ಎಷ್ಟೋ ಬಾಯಿಗೆ ಬರುತ್ತವೆ. ಸಾವಿನ ಮನೆಗೆ ರೊಟ್ಟಿ ಬುತ್ತಿ ಕಟ್ಟಿಕೊಂಡು ಹೋಗುವಾಗ, ಆಸ್ಪತ್ರೆಗೆ ಹೋಗುವಾಗ, ಇಬ್ಬರು ಹುಡುಗಿಯರನ್ನು ಜೊತೆಗೆ ಕರೆದುಕೊಂಡು ಹೋಗುತ್ತಾರೆ. ಅಲ್ಲಿ ಏನು ಮಾತಾಡಬೇಕು, ಯಾವಾಗ ಸುಮ್ಮನಿರಬೇಕು, ಹೇಗೆ ಪ್ರಾರ್ಥಿಸಬೇಕು ಅಂತ ಆ ಹುಡುಗಿಯರು ನೋಡಿ ಕಲಿತಿದ್ದಾರೆ. ಈಗ ತಾವೇ ಹೋಗುತ್ತಾರೆ.

ಇನ್ನೊಂದು ಕಹಿ ಮಾತು. ಪಾಲಿಸುವುದಕ್ಕೆ ಕಲಿಸಿ ಅಂದರೆ ಎಲ್ಲವನ್ನೂ. ನಮ್ಮಲ್ಲಿ ಬೆಳಿಗ್ಗೆ ಕರ್ತನ ಭೋಜನ ತೆಗೆದುಕೊಂಡು ಸಂಜೆ ವರದಕ್ಷಿಣೆ ಮಾತಾಡುವ ಮನೆಗಳಿವೆ. ಕ್ರಿಸ್ತನಲ್ಲಿ ಎಲ್ಲರೂ ಒಂದೇ ಅಂತ ಗಲಾತ್ಯದವರಿಗೆ ಬರೆದ ಪತ್ರ ಓದುತ್ತಾರೆ, ಮಗಳಿಗೆ ಗಂಡು ನೋಡುವಾಗ ಹಳೆಯ ಜಾತಿ ಕೇಳುತ್ತಾರೆ. ಹುಡುಗರ ಗುಂಪಿನಲ್ಲಿ ಈ ಮಾತು ಬರದಿದ್ದರೆ ಎಷ್ಟು ಅಧ್ಯಾಯ ಓದಿ ಏನು ಪ್ರಯೋಜನ? ನಾನು ವರದಕ್ಷಿಣೆ ತೆಗೆದುಕೊಳ್ಳುವುದಿಲ್ಲ ಅಂತ ಒಬ್ಬ ಹುಡುಗ ಅಪ್ಪನ ಮುಂದೆ ನಿಂತು ಹೇಳಲಿ. ಅವನು ದಿನಾ ಹೊರಬೇಕಾದ ಶಿಲುಬೆ ಅದೇ.

ಗುಡ್ಡದೂರಿನವ:

ಅಕ್ಕಾವ್ರೇ, ಹೊತ್ತಿನ ವಿಷಯ ನನಗೆ ಹೊಳೆದಿರಲೇ ಇಲ್ಲ. ರವಿವಾರ ಆರಾಧನೆ ಮುಗಿದ ಮೇಲೆ ಎರಡು ಗುಂಪು ಕೂರಿಸಬಹುದು, ಹುಡುಗಿಯರದ್ದನ್ನು ಹೆಂಗಸರೇ ನಡೆಸಲಿ. ಪಾಸ್ಟರ್ ಹತ್ತಿರ ಈ ವಾರವೇ ಮಾತಾಡುತ್ತೇನೆ. ಇನ್ನೊಂದೇ ಪ್ರಶ್ನೆ, ಬೆಂಗಳೂರು, ಪುಣೆಗೆ ಹೋದವರನ್ನು ಏನು ಮಾಡುವುದು? ವಾಟ್ಸಾಪ್ ಗುಂಪಿದೆ, ದಿನಾ ವಾಕ್ಯ ಹಾಕುತ್ತೇವೆ, ಎಲ್ಲರೂ ಆಮೆನ್ ಅಂತ ಒತ್ತುತ್ತಾರೆ. ಅಷ್ಟೇ.

ಕ್ಯಾಂಪ್ ಬೆಳಗಾವಿ:

ವಾಕ್ಯ ಹಾಕುವುದು ಹಾಕಿ. ಆದರೆ ಒಬ್ಬೊಬ್ಬರಿಗೆ ಒಬ್ಬೊಬ್ಬರು ಫೋನ್ ಮಾಡಬೇಕು. ಪೌಲನೂ ದೂರ ಇದ್ದವನೇ. ಥೆಸಲೋನಿಕದವರು ಹೇಗಿದ್ದಾರೋ ಅಂತ ತಡೆಯಲಾರದೆ ತಿಮೊಥೆಯನನ್ನೇ ಕಳುಹಿಸಿದ, ಅವನು ಒಳ್ಳೆಯ ಸುದ್ದಿ ತಂದ ಮೇಲೆ ಪತ್ರ ಬರೆದ. ಊರಿಂದ ಯಾರಾದರೂ ಪುಣೆಗೆ ಹೋಗುವವರಿದ್ದರೆ ಆ ಹುಡುಗನ ರೂಮಿಗೆ ಹೋಗಿ ಬರಲು ಹೇಳಿ.

ಅಪೊಸ್ತಲರ ಕೃತ್ಯಗಳು 18ರ ಕೊನೆಯನ್ನೂ ಓದಿ. ಅಕ್ವಿಲ, ಪ್ರಿಸ್ಕಿಲ್ಲ ಗಂಡ ಹೆಂಡತಿ, ಗುಡಾರ ಮಾಡಿ ಬದುಕುವವರು. ಎಫೆಸದಲ್ಲಿ ಅಪೊಲ್ಲೋಸನೆಂಬ ಬೋಧಕನನ್ನು ಕರೆದು ಇನ್ನೂ ಚೆನ್ನಾಗಿ ತಿಳಿಸಿಕೊಟ್ಟರು. ಅವನು ಅಖಾಯಕ್ಕೆ ಹೊರಟಾಗ ಸಹೋದರರು, ಇವನನ್ನು ಸೇರಿಸಿಕೊಳ್ಳಿ ಅಂತ ಅಲ್ಲಿನ ಶಿಷ್ಯರಿಗೆ ಪತ್ರ ಬರೆದರು. ನೀವೂ ಅದನ್ನೇ ಮಾಡಿ. ಬೆಂಗಳೂರಿನಲ್ಲಿ ಹಡ್ಸನ್ ಸ್ಮಾರಕ ದೇವಾಲಯದಂಥ ಕನ್ನಡ ಸಭೆಗಳಿವೆ. ಹುಡುಗ ಬಸ್ ಹತ್ತುವ ಮೊದಲೇ ಅವನ ರೂಮಿಗೆ ಹತ್ತಿರದ ಸಭೆ ಯಾವುದು ನೋಡಿ, ಪಾಸ್ಟರ್ ಕೈಲಿ ಒಂದು ಪತ್ರ ಬರೆಸಿ, ಅಲ್ಲಿನ ಪಾಸ್ಟರ್‌ಗೆ ಫೋನ್ ಮಾಡಿ ಹೇಳಿ. ಪತ್ರ ಹುಡುಗನ ಕೈಲಿ ಮಾತ್ರ ಕೊಟ್ಟರೆ ಅದು ಬ್ಯಾಗಿನಲ್ಲೇ ಉಳಿಯುತ್ತದೆ, ಫೋನ್ ಮರೆಯಬೇಡಿ.